ಹೊಸ್ತಿಲಲ್ಲಿ ಹೇಳಿದ ಹೆಸರು

ಮೊದಲು ಹೊಗೆ ಬಂತು. ಬಸವನ ಬಾಗೇವಾಡಿಯ ಆ ಹೊಸ ಮನೆಯ ಒಳಕೋಣೆಯಲ್ಲಿ ಕೂಸಿಗೆ ಎರೆದು, ಕೆಂಡದ ಬಟ್ಟಲಿಗೆ ಲೋಬಾನ ಹಾಕಿದ್ದರು. ಅದು ಬಾಗಿಲ ಸಂದಿಯಿಂದ ಬಿಳಿಯಾಗಿ, ಮೆಲ್ಲಗೆ, ಯಾರನ್ನೂ ಕೇಳದೆ ಹೊರಗೆ ಬಂದು, ಟಿವಿಯ ಮುಂದೆ ಹಾದು ನನ್ನ ಸೀರೆಗೆ ಮೆತ್ತಿಕೊಂಡಿತು. ಬಾಣಂತಿ ಮನೆಯಲ್ಲಿ ಇರಲೇಬೇಕಾದ ವಾಸನೆ. ಅದರ ಜೊತೆ ಸುಟ್ಟ ಬೆಳ್ಳುಳ್ಳಿ ಸಿಪ್ಪೆ, ಅಜವಾನ, ಎಣ್ಣೆ ಹಚ್ಚಿದ ಎಳೆ ಮೈ. ಆದರೆ ನನ್ನ ಮೂಗು ಕೂಸಿನ ಹತ್ತಿರ ನಿಲ್ಲಲಿಲ್ಲ. ಸಿಂದಗಿ ತಾಲೂಕಿನಲ್ಲಿ, ಯಂಕಂಚಿಯಿಂದ ಸ್ವಲ್ಪ ಆಚೆಗಿದ್ದ ಅವ್ವನ ತವರುಮನೆಗೆ ಹೋಯಿತು. ಅಲ್ಲಿ ಇದೇ ಹೊಗೆ ಅಲಾಯಿ ಹಬ್ಬಕ್ಕೆ ಏಳುತ್ತಿತ್ತು. ಮೊಹರಮ್ಮನ್ನು ನಾವು ಹಾಗೆಯೇ ಕರೆಯುತ್ತಿದ್ದೆವು. ಅಂದು ಬಾಗೇವಾಡಿಯಲ್ಲಿ ತೊಟ್ಟಿಲ ಕಾರ್ಯ. ಕೂಸು ನನ್ನ ಸೋದರಮಾವನ ಮೊಮ್ಮಗ. ಇಂಡಿಯಿಂದ ಬಸ್ಸು ಹತ್ತಿದಾಗಿನಿಂದ ನನ್ನ ತಲೆಯಲ್ಲಿದ್ದದ್ದು ಒಂದೇ ಮಾತು: ತೀರಿಹೋದ ಮಾವನ ಹೆಸರು ಈ ಕೂಸಿಗೆ ಬರುತ್ತದೋ ಇಲ್ಲವೋ. ಫೋನಿಗೆ ಬಂದ ಆಮಂತ್ರಣದಲ್ಲಿ ಆಗಲೇ 'ಆರುಷ್' ಎಂದು ಹೊಳೆಯುವ ಅಕ್ಷರದಲ್ಲಿ ಬರೆದಿತ್ತು. ಮಾವನ ಹೆಸರು ಹುಸೇನಪ್ಪ.

ಆ ತವರುಮನೆಯನ್ನು ವರ್ಣಿಸಲು ಕೂತರೆ ಅದು ತಾನಾಗಿಯೇ ಅಚ್ಚುಕಟ್ಟಾಗಿಬಿಡುತ್ತದೆ. ಅದಕ್ಕೇ ನನಗೆ ಅದರ ಮೇಲೆ ಅನುಮಾನ. ಅಂಗಳದ ತುಂಬ ಕುರಿ ಇದ್ದವು, ಇದು ಖಂಡಿತ. ಒದ್ದೆ ಉಣ್ಣೆಯ ವಾಸನೆ, ಹಿಕ್ಕೆಯ ವಾಸನೆ, ಜೋಳದ ರೊಟ್ಟಿ ಸುಡುವ ವಾಸನೆ ಬೆರೆತು ಒಂದೇ ಆಗಿ, ಅದಕ್ಕೆ ನಾನು 'ಆಯಿಯ ವಾಸನೆ' ಎನ್ನುತ್ತಿದ್ದೆ. ಆಯಿ ಅಂದರೆ ಅವ್ವನ ಅವ್ವ. ಮೇಲೆ ಮಣ್ಣಿನ ಮಾಳಿಗೆ. ಮಳೆ ಬಂದರೆ ಅದರ ಒಂದು ಮೂಲೆ ಸೋರುತ್ತಿತ್ತು, ಆಯಿ ಅಲ್ಲಿ ಹಿತ್ತಾಳೆಯ ಕೊಳಗ ಇಟ್ಟು ಹನಿ ಬೀಳುವ ಸಪ್ಪಳಕ್ಕೆ ತಲೆ ತೂಗುತ್ತಿದ್ದಳು. ತಲೆ ತೂಗುತ್ತಿದ್ದಳೋ, ತೂಕಡಿಸುತ್ತಿದ್ದಳೋ ಈಗ ಹೇಳಲಾರೆ. ಬಾಗಿಲ ಹೊಸ್ತಿಲು ಬೇವಿನ ಕಟ್ಟಿಗೆಯದು, ನಡುವೆ ಸವೆದು ತಗ್ಗಾಗಿತ್ತು ಎಂದು ನಾನು ಆಣೆ ಮಾಡಿ ಹೇಳುತ್ತೇನೆ. ನನ್ನ ತಮ್ಮ ಅದು ಕಲ್ಲಿನದು ಎನ್ನುತ್ತಾನೆ. ಮನೆ ಬಿದ್ದು ಎಷ್ಟೋ ಕಾಲವಾಯಿತು. ಜಾಗದಲ್ಲಿ ಈಗ ಯಾರದೋ ಟ್ರ್ಯಾಕ್ಟರ್ ನಿಲ್ಲುತ್ತದೆ. ಜಗಳ ಬಗೆಹರಿಸಲು ಹೊಸ್ತಿಲೂ ಇಲ್ಲ, ದಾಟಿದವರೂ ಹೆಚ್ಚು ಉಳಿದಿಲ್ಲ.

ಹೆಸರು ಬಂದದ್ದು ಹೀಗೆ. ಅವ್ವನ ನಂತರ ಆಯಿಗೆ ಹುಟ್ಟಿದ ಗಂಡುಮಕ್ಕಳು ಒಂದೂ ಉಳಿಯಲಿಲ್ಲ. ಕೆಲವು ತೊಟ್ಟಿಲು ಕಾಣಲಿಲ್ಲ, ಒಂದು ತೊಟ್ಟಿಲಿಂದ ಇಳಿದು ಅಂಗಳದವರೆಗೆ ಅಂಬೆಗಾಲಿಟ್ಟು ಹೋಯಿತು. ಮತ್ತೆ ಬಸಿರಾದ ವರ್ಷ ಆಯಿ ಅಲಾಯಿ ದೇವರ ಮುಂದೆ, ಹಸಿರು ಬಟ್ಟೆ ಉಟ್ಟ, ಅಂಗೈಯಾಕಾರದ ಬೆಳ್ಳಿಯ ಪಂಜಾದ ಮುಂದೆ ಸೆರಗೊಡ್ಡಿ ನಿಂತಳಂತೆ: ಇದು ಉಳಿದರೆ ನಿನ್ನ ಹೆಸರಿಡುತ್ತೇನೆ, ಈ ಮನೆಯಲ್ಲಿ ಪ್ರತಿ ತಲೆಮಾರಿಗೂ ಒಬ್ಬ ನಿನ್ನ ಹೆಸರಿನವ ಇರುತ್ತಾನೆ. ಉಳಿಯಿತು. ಇದರಲ್ಲಿ ಊರವರಿಗೆ ಅಚ್ಚರಿ ಏನೂ ಇರಲಿಲ್ಲ. ನಮ್ಮೂರಲ್ಲಿ ಇಮಾಮಪ್ಪ ಇದ್ದ, ಫಕೀರವ್ವ ಇದ್ದಳು, ಅವರ ಹಣೆಯ ಮೇಲೆ ವಿಭೂತಿಯೂ ಇತ್ತು. ಹಬ್ಬದ ದಿನಗಳಲ್ಲಿ ಕೊರಳಿಗೆ ಕೆಂಪು ದಾರ ಕಟ್ಟಿಕೊಂಡು ಫಕೀರರಾಗುತ್ತಿದ್ದವರು, ಕೆಂಡದ ಕುಣಿಯ ಸುತ್ತ ಹೆಜ್ಜೆ ಹಾಕುತ್ತಿದ್ದವರು ಹೊಲದಲ್ಲಿ ದುಡಿಯುವ ನಮ್ಮವರೇ. ಊರಿಗೆಲ್ಲ ಮುಸಲ್ಮಾನರ ಮನೆ ಒಂದೇ, ಮುಲ್ಲಾ ಮುತ್ಯಾನದು; ಮುತ್ಯಾ ಅಂದರೆ ನಮ್ಮಲ್ಲಿ ಅಜ್ಜ. ಸಕ್ಕರೆಯ ಮೇಲೆ ಪ್ರಾರ್ಥನೆ ಓದಿಸಿಕೊಂಡು ಬರಲು ನನ್ನನ್ನೇ ಅಲ್ಲಿಗೆ ಕಳಿಸುತ್ತಿದ್ದರು. ಓದಿದ ಸಕ್ಕರೆಯನ್ನು ದಾರಿಯಲ್ಲಿ ನೆಕ್ಕುತ್ತ ಬರುವುದು ನನ್ನ ಕೆಲಸದ ಭಾಗ ಎಂದೇ ತಿಳಿದಿದ್ದೆ.

ಹೆಸರಿನ ಅರ್ಥ ಹೇಳಿದವನೂ ಮುಲ್ಲಾ ಮುತ್ಯಾನೇ. ಒಮ್ಮೆ ನಮ್ಮ ಪಡಸಾಲೆಯಲ್ಲಿ ಚಹಾ ಕುಡಿಯುತ್ತ ಕೂತಿದ್ದ. ನಾನು ಕೇಳಿದೆ. ಅವನು ಬಸಿ ಕೆಳಗಿಟ್ಟು ಹೇಳಿದ: "ಹಸನ್ ಅಂದ್ರ ಅರಬ್ಬಿಯೊಳಗ ಚೆಲುವ, ಒಳ್ಳೇಂವ. ಹುಸೇನ್ ಅಂದ್ರ ಸಣ್ಣ ಚೆಲುವ, ಮುದ್ದ ಮಾಡಿ ಕರೀತಾರಲ್ಲ, ಹಂಗ. ಪ್ರವಾದಿಯವರ ಮೊಮ್ಮಕ್ಕಳು ಇಬ್ರೂ. ಅಣ್ಣಂದು ದೊಡ್ಡ ಹೆಸರು, ತಮ್ಮಂದು ಅದರ ಮರಿ."

ಒಳಗಿನಿಂದ ಆಯಿ ಕೂಗಿದಳು: "ಚೆಲುವ ಅಂತ! ನಮ್ಮಂವನ ಮಾರಿ ನೋಡೀರಿಲ್ಲೋ ಮುಲ್ಲಾ? ಕುರಿ ಕಾಯ್ದು ಕಾಯ್ದು ಟಗರಿನಂಗ ಆಗ್ಯಾನ."

"ಟಗರು ಚೆಲುವ ಇರಂಗಿಲ್ಲೇನ ತಂಗೀ?" ಎಂದ ಮುತ್ಯಾ.

ಆಯಿಗೆ ಆ ಅರಬ್ಬೀ ಅರ್ಥ ಬೇಕಿರಲಿಲ್ಲ. ಅವಳದೇ ಒಂದಿತ್ತು. ಹುಸೇನ ಅಂದರೆ ನೀರು ಸಿಗದೆ ಹೋದವನು. ಕರ್ಬಲಾದ ಬಯಲಲ್ಲಿ, ಹೊಳೆ ಕಣ್ಣಿಗೆ ಕಾಣುತ್ತಿದ್ದರೂ ಮುಟ್ಟಗೊಡದೆ, ಮನೆಮಂದಿಯನ್ನೆಲ್ಲ ಬಾಯಾರಿಸಿ, ಅವನನ್ನು ಕೊಂದರು. ಹಬ್ಬದ ಹಾಡುಗಳಲ್ಲಿ ಅದು ಮತ್ತೆ ಮತ್ತೆ ಬರುತ್ತಿತ್ತು. ಬೇಸಿಗೆಯಲ್ಲಿ ಬಾವಿಯ ತಳ ಕಾಣುವ ಊರಿಗೆ ಅದನ್ನು ಬಿಡಿಸಿ ಹೇಳಬೇಕಾಗಿರಲಿಲ್ಲ. ಹೀಗಾಗಿ ಆಯಿಯ ಮನೆಯಲ್ಲಿ ಒಂದು ಕಟ್ಟಳೆ ಬೆಳೆಯಿತು. ಬಾಗಿಲಿಗೆ ಬಂದವರು ಯಾರೇ ಇರಲಿ, ಬೀಗರು, ಬಳೆಗಾರ, ದಾರಿ ತಪ್ಪಿದವರು, ಮೊದಲ ತಂಬಿಗೆ ನೀರು ಹುಸೇನಪ್ಪನ ಕೈಯಿಂದಲೇ ಹೋಗಬೇಕು. ಅವನು ತೊಟ್ಟಿಲಲ್ಲಿದ್ದಾಗ ಆಯಿ ಅವನ ಅಂಗೈಯನ್ನು ತಂಬಿಗೆಗೆ ತಗುಲಿಸಿ ಕೊಡುತ್ತಿದ್ದಳಂತೆ. ಬಂದವರು ಕುಡಿದು ಬಿಟ್ಟ ಗುಟುಕನ್ನು ಹೊಸ್ತಿಲ ಮೇಲೆ ಸುರಿಯುತ್ತಿದ್ದಳು, "ಹೋದವ್ರಿಗೆ" ಅನ್ನುತ್ತಿದ್ದಳು. ಹೋದವರು ಯಾರು ಎಂದು ನಾನು ಕೇಳಿದ್ದಿಲ್ಲ. ತೊಟ್ಟಿಲು ಇಳಿದು ಅಂಗಳದವರೆಗೆ ಹೋದವನು, ಅದಕ್ಕೂ ಮೊದಲಿನವರು ಎಂದು ಈಗ ಅನಿಸುತ್ತದೆ. ಈಗ ಅನಿಸಿದ್ದನ್ನು ಆಗಲೇ ಗೊತ್ತಿತ್ತು ಎಂದು ಬರೆಯುವುದು ಸುಲಭ. ಗೊತ್ತಿರಲಿಲ್ಲ.

ಹುಸೇನಪ್ಪ ಮಾಮ ದೊಡ್ಡವನಾದ. ಕುರಿ ನೋಡಿಕೊಂಡ, ಹೊಲ ನೋಡಿಕೊಂಡ, ಅಲಾಯಿಯ ಪದ ಕಟ್ಟಿ ಹಾಡುವುದರಲ್ಲಿ ಸುತ್ತಲಿನ ಹಳ್ಳಿಗಳಲ್ಲಿ ಹೆಸರಾದ. ಮುದ್ದೇಬಿಹಾಳದ ಕಡೆಯಿಂದ ಹೆಣ್ಣು ಗೊತ್ತಾಯಿತು. ಹೆಣ್ಣಿನ ತಂದೆ ಪೇಟೆಯಲ್ಲಿ ಬಟ್ಟೆ ಅಂಗಡಿ ಇಟ್ಟವರು. ಮಾತು ಮುಗಿಸಲು ಬಂದ ದಿನ ಮಾಮನೇ ತಂಬಿಗೆ ತಂದು ಕೈಗೆ ಕೊಟ್ಟ. ನೀರು ಕುಡಿದು, ಮೀಸೆ ಒರೆಸಿಕೊಂಡು, ಅವರು ಮೆಲ್ಲಗೆ ಶುರು ಮಾಡಿದರು.

"ಹುಡುಗ ಪಸಂದ್ ಆಗ್ಯಾನ್ರಿ. ಹೊಲ, ಮನಿ ಎಲ್ಲಾ ಪಸಂದ್. ಹೆಸರೊಂದು ಬ್ಯಾರೆ ಮಾಡೂನ್ರಿ ಅವ್ವಾರ."

"ಹೆಸರೇನ ಹರದೈತೇನ್ರಿ, ಹೊಸಾದು ಹೊಲಸಾಕ?" ಎಂದಳು ಆಯಿ.

"ಹಂಗಲ್ರಿ. ನಮ್ಮ ಕಡೀನೂ ಅಲಾಯಿ ಕೂಡ್ತಾವು, ನಾವೂ ಸಕ್ಕರಿ ಓದಸ್ತೇವಿ. ಆದ್ರ ನಾ ಪ್ಯಾಟ್ಯಾಗ ಕುಂಡ್ರಾಂವ. ಲಗ್ನಪತ್ರ ನಾಕ ಮಂದಿ ಕೈಗೆ ಹೋಗ್ತೈತಿ. ಉಮೇಶ ಅಂತ ಹಾಕಸ್ತೇನಿ. ಮನ್ಯಾಗ ನೀವು ಏನರೆ ಕರೀರಿ."

ಮಾಮ ನಕ್ಕುಬಿಟ್ಟ. "ಹಾಕಸ್ಲಿ ಬಿಡಬೇ ಯವ್ವಾ. ಪತ್ರ ನಾಳೆ ಚುರುಮುರಿ ಕಟ್ಟಾಕ ಹೋಗ್ತೈತಿ. ನಾ ಎಲ್ಲಿ ಹೋಗ್ತೇನಿ?"

ಆಯಿ ಒಪ್ಪಿದಳು. ಹುಡುಗಿ ಅವಳ ಮನಸ್ಸಿಗೆ ಬಂದಿದ್ದಳು. ಆದರೆ ಬೀಗರು ಹೋದ ಮೇಲೆ, ಒಲೆಯ ಮುಂದೆ, ಅವ್ವನಿಗೆ ಮಾತ್ರ ಕೇಳುವಂತೆ ಹೇಳಿದ್ದು ನನಗೂ ಕೇಳಿತು: "ಇಟ್ಟ ಹೆಸರ ತಗದ್ರ ಹೆಸರು ಕೊಟ್ಟಾಂವ ಹುಡುಗನ್ನ ತಗೀತಾನ." ಅಂದಿನಿಂದ ಬೆಳಿಗ್ಗೆ ಎದ್ದ ಕೂಡಲೇ ಕಂಬಳಿ ಹೊದ್ದು ಮಲಗಿದ ಮಾಮನ ಎದೆ ಏರಿಳಿಯುತ್ತದೆಯೋ ಎಂದು ನೋಡುತ್ತಿದ್ದೆ. ಊರ ಹುಡುಗರಿಗೆ ಇದು ತಮಾಷೆ. "ಏ ಉಮೇಶಾ!" ಎಂದು ಕಟ್ಟೆಯಿಂದ ಕೂಗುತ್ತಿದ್ದರು. ಮಾಮ ತಿರುಗಿ ಕೂಡ ನೋಡದೆ, "ಉಮೇಶ ಊರಾಗಿಲ್ರೋ, ಹೆಣ್ಣ ನೋಡಾಕ ಹೋಗ್ಯಾನ" ಎನ್ನುತ್ತಿದ್ದ. ಅವರು ನಗುತ್ತಿದ್ದರು. ನನಗೆ ಮಾತ್ರ, ಆ ಉಮೇಶನೆಂಬವನು ಎಲ್ಲೋ ನಿಜವಾಗಿಯೂ ಹೊರಟಿದ್ದಾನೆ, ಒಂದೊಂದೇ ಹಳ್ಳಿ ದಾಟಿ ನಮ್ಮ ಮನೆಯ ಕಡೆ ಬರುತ್ತಿದ್ದಾನೆ ಅನಿಸುತ್ತಿತ್ತು.

ಲಗ್ನ ಹೆಣ್ಣಿನ ಊರಲ್ಲಾಯಿತು. ಪತ್ರದಲ್ಲಿ ಉಮೇಶ, ಹಂದರದ ಬಟ್ಟೆಯ ಮೇಲೆ ಹತ್ತಿಯಿಂದ ಬರೆದ ಉಮೇಶ. ಮರುದಿನ ಸೊಸೆಯನ್ನು ಕರೆದುಕೊಂಡು ಟೆಂಪೋದಲ್ಲಿ ಬಂದೆವು. ನಡುಮಧ್ಯಾಹ್ನ, ಬಿಸಿಲು, ದಾರಿಯುದ್ದಕ್ಕೂ ಧೂಳು. ಇನ್ನು ಉಳಿದದ್ದು ಮನೆ ತುಂಬುವುದು. ಹೊಸ್ತಿಲ ಮೇಲೆ ಸೇರು ತುಂಬ ಅಕ್ಕಿ ಇಟ್ಟಿತ್ತು. ಬಾಗಿಲು ತಡೆಯುವುದು ಮದುಮಗನ ಅಕ್ಕನ ಹಕ್ಕು, ಅಂದರೆ ಅವ್ವನದು. ಅವ್ವನ ಪಕ್ಕ ನಾನು, ಎರಡೂ ಕೈ ಚಾಚಿ ಅಡ್ಡ ನಿಂತಿದ್ದೆ. ಗಂಡನ ಹೆಸರನ್ನು ಹೆಂಡತಿ ಬರಿದೇ ಹೇಳುವಂತಿಲ್ಲ. ಒಂದು ಒಡಪು ಕಟ್ಟಿ, ಎರಡು ಮೂರು ಸಾಲಿನ ಪ್ರಾಸದ ಮಡಿಲಲ್ಲಿ ಹೆಸರನ್ನು ಮುಚ್ಚಿಟ್ಟು ಹೇಳಬೇಕು. ಹೇಳಿದರೆ ಒಳಗೆ. ಒಳಗಡೆ ಆಯಿ ಆರತಿ ತಟ್ಟೆ ಹಿಡಿದು ನಿಂತಿದ್ದಳು. ಅವಳ ಕಣ್ಣು ಸೊಸೆಯ ಬಾಯಿಯ ಮೇಲಿತ್ತು. ನನ್ನದೂ. ಪತ್ರದ್ದು ಪತ್ರದಲ್ಲಿ ಇರಲಿ. ಆದರೆ ಈ ಹೊಸ್ತಿಲಲ್ಲಿ ಅವಳು ಉಮೇಶ ಅಂದರೆ ಉಮೇಶನೇ ಒಳಗೆ ಬಂದುಬಿಡುತ್ತಾನೆ, ಮಾಮ ಹೊರಗೆ ಉಳಿಯುತ್ತಾನೆ.

ಮುಂದೆ ನಡೆದದ್ದನ್ನು ನಾನು ನೂರಾರು ಜನರಿಗೆ ಹೇಳಿದ್ದೇನೆ. ಒಮ್ಮೆ ಬರೆದೂ ಇದ್ದೇನೆ. ಸೊಸೆ, ಅಂದರೆ ನನ್ನ ಅತ್ತೆ, ತಲೆ ಎತ್ತಿದಳು. ಬಾಸಿಂಗದ ಗುರುತು ಇನ್ನೂ ಹಣೆಯ ಮೇಲಿತ್ತು. ಆಯಿಯನ್ನು ನೋಡಿದಳು, ಗಂಟೆಯಂಥ ದನಿಯಲ್ಲಿ ಹೇಳಿದಳು:

"ಅಲಾಯಿ ಕುಣ್ಯಾಗ ಕೆಂಡ ಕೆಂಪಗ, ಅತ್ತಿಯ ಹರಕಿ ಹೊಟ್ಟಿಗೆ ತಂಪಗ, ಹೊಸ್ತಿಲ ದಾಟತೇನಿ ಹುಸೇನಪ್ಪನವರ ಹೆಸರ ಹೇಳಿ ಇಂಪಗ."

ಸೇರು ಉರುಳಿತು, ಅಕ್ಕಿ ಚೆಲ್ಲಿತು, ಮಾಮ ಬದುಕಿದ.

ಬಾಗೇವಾಡಿಯ ಆ ಬೆಳಿಗ್ಗೆ, ಲೋಬಾನದ ಹೊಗೆಯ ನಡುವೆ, ಇದನ್ನೇ ಬಾಣಂತಿ ಸವಿತಾಗೆ ಹೇಳುತ್ತಿದ್ದೆ. ಸವಿತಾ ಅಂದರೆ ಮಾಮನ ಮಗ ಶರಣುವಿನ ಹೆಂಡತಿ. ಹೇಳುವುದರಲ್ಲಿ ನನಗೊಂದು ಉದ್ದೇಶವೂ ಇತ್ತು. ಶರಣು ಬಾಗಿಲಲ್ಲಿ ನಿಂತು ಕೇಳುತ್ತಿದ್ದ. ಬೋರ್‌ವೆಲ್ ಮೋಟಾರು ರಿಪೇರಿಯ ಅಂಗಡಿ ಅವನದು, ಕೈಗೆ ಗ್ರೀಸ್ ಯಾವಾಗಲೂ. "ಅಕ್ಕಾ, ನೀ ಯಾಕ ಹೇಳಾಕತ್ತಿ ನನಗ ಗೊತ್ತೈತಿ," ಎಂದ. "ನಾ ಒಲ್ಲೆ ಅನ್ನಂಗಿಲ್ಲ. ಅಪ್ಪನ ಹೆಸರು ನನಗ ಕಡಿಮಿ ಏನ? ಆದ್ರ ಈಗಿನ ದಿನಮಾನ ಬ್ಯಾರೆ. ಸಾಲ್ಯಾಗ ಹುಡುಗನ್ನ ಕಾಡಿದ್ರ?" ಅವನ ಅಜ್ಜ, ಅಂದರೆ ಅತ್ತೆಯ ಅಪ್ಪ, ಮುದ್ದೇಬಿಹಾಳದಲ್ಲಿ ನಾಲ್ಕು ಮಂದಿಗೆ ಹೆದರಿದ್ದು ನೆನಪಾಯಿತು. ಮಂದಿ ಬೇರೆ, ಹೆದರಿಕೆ ಹಳೆಯದೇ. ಮೂಲೆಯಲ್ಲಿ ತೊಟ್ಟಿಲಿಗೆ ಗೊಂಡೆ ಕಟ್ಟುತ್ತ ಕೂತಿದ್ದ ಅತ್ತೆ ಮಾತ್ರ ಕುಲುಕುಲು ನಗುತ್ತಿದ್ದಳು.

"ಯಾರಿಗೆ ಹೇಳ್ತಿಯವ್ವಾ ಈ ಕತಿ? ನಾ ಅಷ್ಟ ಶ್ಯಾಣೇಕಿ ಇದ್ದೆನೇನು?"

"ಅಂದ್ರ?"

"ಒಡಪೂ ಇಲ್ಲ, ಗಡಪೂ ಇಲ್ಲ. ನನಗ ಕಲಿಸಿ ಕಳಿಸಿದ್ದು ಉಮೇಶಂದು. ಕೈಲಾಸ ಅಂತ, ಬಿಲ್ವಪತ್ರಿ ಅಂತ, ಏನೇನೋ ಇತ್ತು. ಬಾಗಲಕ್ಕ ಬರೂದ್ರಾಗ ಒಂದಕ್ಷರ ನೆನಪಿಲ್ಲ. ನಾಲಿಗಿ ಒಣಗಿ ಕಟಗಿ ಆಗಿತ್ತು. ಆ ಬಿಸಲಾಗ ಮುಂಜಾನಿಂದ ಒಬ್ರರೆ ನೀರು ಕೇಳಿದ್ರೇನು ನನಗ? ನೀ ಒಬ್ಬಾಕಿ ಅಡ್ಡ ನಿಂತು 'ಹೇಳ, ಹೇಳ' ಅಂತ ಒಂದ ಸವನ ಚೀರಾಕತ್ತಿದ್ದಿ. ನಿಮ್ಮ ಮಾಮಾ ಯಾರ ಕೈಯಾಗಿನ ತಂಬಿಗಿ ಕಸಗೊಂಡ್ರೋ ಏನೋ, ತಂದು ನನ್ನ ಕೈಯಾಗಿಟ್ರು. ಎಲ್ಲಾರ ಮುಂದ! ಗಟಗಟ ಕುಡದೆ. ಕುಡದು ಉಸರ ಬಿಟ್ಟೆ ನೋಡು, ಹೆಸರ ಬಂದ ಬಿಡ್ತು. ಬರೇ ಹೆಸರು. ಮುಂದೊಂದಿಲ್ಲ ಹಿಂದೊಂದಿಲ್ಲ. ಅಡವ್ಯಾಗ ಆಡು ಕರದಂಗ."

"ಯಾವ ಹೆಸರು?" ಎಂದಳು ಸವಿತಾ, ಬೇಕೆಂದೇ.

ಅತ್ತೆ ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. "ಖರೇದು. ನಮ್ಮ ಅಮ್ಮ ಹೇಳಿ ಕಳಿಸಿದ್ಲು, ಪತ್ರದಾಗಿಂದು ಮಂದಿಗೆ, ಬಾಳೇವಕ್ಕ ಇದು ಅಂತ. ಹೆಂಗಸ್ರು ನಕ್ಕಿದ್ದ ನಕ್ಕಿದ್ದು. ಗಂಡನ ಹೆಸರ ಹಿಂಗ ಯಾರರೆ ಒದರ್ತಾರೇನು? ನಿಮ್ಮ ಆಯಿ ಆರತಿ ಹಿಡಕೊಂಡ ಅಳಾಕತ್ತಿದ್ಲು. ಬಂದ ಬಾಗಲದಾಗ ತಪ್ಪ ಮಾಡಿದೆ, ಅತ್ತೀನ ಅಳಸಿದೆ ಅಂತ ನನ್ನ ಎದಿ ಒಡೀತು. ಆಕಿ ಯಾಕ ಅತ್ಲು ಅಂತ ತಿಳೀಬೇಕಾದ್ರ ಎಷ್ಟ ದಿನ ಹಿಡೀತು."

"ಹಂಗಾರ ಒಡಪು?" ಎಂದೆ ನಾನು.

"ಅದು ನಿಮ್ಮ ಮಾಮಾ ಕಟ್ಟಿದ್ದು. ಮರುದಿನ ಮುಂಜಾನಿ ಕುರಿಗೆ ಮೇವು ಹಾಕೋತ, ಬಂದವ್ರಿಗೆಲ್ಲಾ 'ನಮ್ಮಾಕಿ ಎಂಥಾ ಒಡಪು ಹಾಕಿದ್ಲು ಕೇಳೀರೇನು' ಅಂತ ಹಾಡಿ ಹಾಡಿ ತೋರಿಸಿದ್ರು. ನನ್ನ ಮ್ಯಾಲೆ ಯಾರೂ ನಗಬಾರದಂತ. ಹೇಳಿ ಹೇಳಿ ಖರೇ ಮಾಡಿದ್ರು. ನೀ ಅಲ್ಲೇ ನಿಂತಾಕಿ, ನೀನೂ ನಂಬೀದಿ!"

ನಾನು ನಂಬಿದ್ದೆ. ಕಣ್ಣೆದುರು ನಡೆದದ್ದನ್ನು ಮಾಮನ ಹಾಡು ಒರೆಸಿ, ಅಲ್ಲಿ ತನ್ನ ಕೆಂಡ, ತನ್ನ ಇಂಪು ಇಟ್ಟಿತ್ತು. ನೀರಿನ ತಂಬಿಗೆ ನನ್ನ ನೆನಪಿನಿಂದ ಪೂರಾ ಹೋಗಿತ್ತು. ಬಾಯಾರಿದವಳು ಹೋಗಿದ್ದಳು. ಈಗ ಎಷ್ಟು ತಡಕಿದರೂ ಅತ್ತೆಯ ಗಂಟಲಿಂದ ಆ ಗಂಟೆಯ ದನಿ ಬಿಟ್ಟು ಬೇರೆ ಕೇಳುವುದಿಲ್ಲ. ಅವಳು ಹೇಳಿದ್ದೇ ನಿಜವಿರಬೇಕು. ಅಥವಾ ಅವಳೂ ತನ್ನದನ್ನು ಇಷ್ಟು ವರ್ಷ ನುಣುಪು ಮಾಡಿರಬಹುದು. ಸಿಟ್ಟು ಬರಲಿಲ್ಲ. ಒಳಗೆ ಎಲ್ಲೋ ತಂಪಾಯಿತು. ತನ್ನ ಹೆಸರನ್ನು ಚುರುಮುರಿಯ ಕಾಗದಕ್ಕೆ ಬಿಟ್ಟುಕೊಟ್ಟವನು ಹೆಂಡತಿಯ ಮಾನಕ್ಕಾಗಿ ಅದೇ ಹೆಸರಿಗೆ ಪ್ರಾಸ ಹುಡುಕಿದ್ದ.

ಸವಿತಾ ಕೂಸನ್ನು ಎತ್ತಿ ಭುಜಕ್ಕೆ ಹಾಕಿಕೊಂಡಳು. "ನಮ್ಮ ಮಾವನವ್ರು ನನಗೂ ಹಂಗ ನೀರು ಕೊಟ್ಟಿದ್ರು," ಎಂದಳು ಗಂಡನಿಗೆ. "ಹೆಣ್ಣ ನೋಡಾಕ ಬಂದಾಗ. ನಾನ ಚಹಾ ತಂದು ಕೊಡಬೇಕಾಗಿತ್ತು, ನನ್ನ ತುಟಿ ಒಣಗಿದ್ದು ನೋಡಿ, ಮೊದಲ ನೀ ಒಂದ ಗುಟಕ ನೀರ ಕುಡಿಯವಾ ಅಂದ್ರು. ಸಾಲಿಗೆ ಆರುಷ್ ಇರ್ಲಿ, ನೀರಿಗೆ ಅವರ ಹೆಸರ ಇರ್ಲಿ. ತೊಟ್ಲಾಗ ಅದನ್ನ ಇಡೂನು." ಶರಣು ಗ್ರೀಸಿನ ಕೈಯನ್ನು ಬಟ್ಟೆಗೆ ಒರೆಸಿಕೊಂಡ. "ಕಾಡಿದ್ರ?" ಎಂದ ಮತ್ತೆ, ಆದರೆ ದನಿ ಸಡಿಲಾಗಿತ್ತು. "ಕಾಡಿದವ್ರಿಗೂ ಒಂದ ತಂಬಿಗಿ ಕೊಡ್ತಾನ ತಗೊ," ಎಂದಳು ಅತ್ತೆ.

ತೊಟ್ಟಿಲ ಹೊತ್ತಿಗೆ ಹೆಂಗಸರು ನೆರೆದರು. ಶರಣುವಿನ ತಂಗಿ ಕೂಸಿನ ಕಿವಿಯಲ್ಲಿ ಕುರ್ರ್ ಅಂದು ಆರುಷ್ ಎಂದಳು, ಹಿಂದಿನವರು ಪದ್ಧತಿಯಂತೆ ಅವಳ ಬೆನ್ನಿಗೆ ಗುದ್ದಿದರು, ನಗು ಎದ್ದಿತು. ಆಮೇಲೆ ಎಲ್ಲರೂ ಅತ್ತೆಯ ಕಡೆ ನೋಡಿದರು. ಹಳೆಯ ಹೆಸರನ್ನು ಹಿರಿಯಳು ಹೇಳಬೇಕು. ಅತ್ತೆ ತೊಟ್ಟಿಲ ಮೇಲೆ ಬಾಗಿದಳು, ಕೂಸಿನ ಕಿವಿಗೆ ಬಾಯಿ ತಂದಳು, ನಿಂತಳು, ನಾಚಿ ಹಿಂದೆ ಸರಿದಳು. "ನನ್ನ ಕೈಲೆ ಆಗೂದಿಲ್ಲವ್ವಾ. ಒಂದ ಸಲ ಬಾಯಿ ಜಾರಿದ್ದ ಸಾಕು. ನೀ ಹೇಳು. ಅವತ್ತ ನನ್ನ ತಡದಾಕಿ ನೀನ ಅಲ್ಲೇನು?" ಎಂದು ನನ್ನ ರಟ್ಟೆ ಹಿಡಿದು ಮುಂದೆ ನೂಕಿದಳು. ಅಂದು ತಡೆದವಳೇ ಇಂದು ಹೆಸರು ಹೇಳುವ ಇಂಥ ಸಮತೋಲ ನನಗೆ ಹಿಡಿಸುವುದಿಲ್ಲ. ಕತೆಯಲ್ಲಿ ಕಂಡರೆ ಹೊಡೆದುಹಾಕುತ್ತೇನೆ. ಆದರೂ ಬಾಗಿದೆ. ಲೋಬಾನ, ಎಣ್ಣೆ, ಹಾಲು. ಸಣ್ಣ ಚೆಲುವ, ಅಂದುಕೊಂಡೆ ಮನಸ್ಸಿನಲ್ಲಿ. ಬಾಯಲ್ಲಿ ಹೇಳಿದ್ದು ಬರೀ ಹೆಸರು. ಬೆನ್ನ ಮೇಲೆ ಬಿದ್ದ ಗುದ್ದುಗಳಲ್ಲಿ ಜೋರಾದದ್ದು ಅತ್ತೆಯದು.

ಮಂದಿ ಊಟಕ್ಕೆ ಕೂತಾಗ ಬಾಗಿಲಲ್ಲಿ ಗ್ಯಾಸ್ ಸಿಲಿಂಡರ್ ಇಳಿಸಿದ ಸಪ್ಪಳವಾಯಿತು. ತಂದ ಮನುಷ್ಯ ಬೆವರು ಒರೆಸಿಕೊಳ್ಳುತ್ತ, "ಸ್ವಲ್ಪ ನೀರ ಕೊಡ್ರಿ" ಎಂದ. ಅತ್ತೆ ಎದ್ದಳು. ಅವಳು ಫಿಲ್ಟರಿನ ಕಡೆ ಹೋಗಲಿಲ್ಲ, ಅಡುಗೆಮನೆಯ ಮೂಲೆಯಿಂದ ತಾಮ್ರದ ತಂಬಿಗೆ ತುಂಬಿ ತಂದಳು. ತೊಟ್ಟಿಲ ಬಳಿ ನಿಂತು, ನಿದ್ದೆಯಲ್ಲಿದ್ದ ಕೂಸಿನ ಮುಷ್ಟಿ ಬಿಡಿಸಿ, ಅಂಗೈಯನ್ನು ತಂಬಿಗೆಗೆ ತಗುಲಿಸಿದಳು. ಕೂಸು ತಣ್ಣಗೆ ತಗುಲಿದ್ದಕ್ಕೆ ಮುಖ ಕಿವುಚಿತು. ಆ ಮನುಷ್ಯ ತಲೆ ಎತ್ತಿ ಗಟಗಟ ಕುಡಿದು, "ಭಾಳ ಚಲೋ ಆತ್ರಿ ಅಮ್ಮಾರ. ಕೂಸಿನ ಹೆಸರೇನಿಟ್ರಿ?" ಎಂದ. ಅತ್ತೆ ನನ್ನ ಕಡೆ ನೋಡಿದಳು. ನಾನು ಹೇಳಿದೆ. "ಹೌದ್ರಿ? ನಮ್ಮ ಮುತ್ಯಾಂದೂ ಅದ ಹೆಸರು," ಎಂದು ಖಾಲಿ ಸಿಲಿಂಡರ್ ಹೊತ್ತು ಹೋದ. ಅವನು ಯಾರ ಪೈಕಿ ಎಂದು ಕೇಳಲು ಯಾರಿಗೂ ತೋಚಲಿಲ್ಲ.

ತಂಬಿಗೆಯ ತಳದಲ್ಲಿ ಒಂದು ಗುಟುಕು ಉಳಿದಿತ್ತು. ಅತ್ತೆ ಅದನ್ನು ಹೊಸ್ತಿಲ ಮೇಲೆ ಮೆಲ್ಲಗೆ ಸುರಿದಳು. "ಹೋದವ್ರಿಗೆ," ಎಂದಳು. ಹಳೆಯ ಮನೆಯಲ್ಲಿ ಅದು ಬಿದ್ದ ಕೂಡಲೇ ಇಂಗಿಹೋಗುತ್ತಿತ್ತು. ಕಪ್ಪು ಕಲೆಯೊಂದು ಉಳಿದು, ಒದ್ದೆ ಬೇವಿನ ಕಹಿ ವಾಸನೆ ಏಳುತ್ತಿತ್ತು. ಕಲ್ಲಾಗಿದ್ದರೆ ಹಾಗೆ ಆಗುತ್ತಿರಲಿಲ್ಲ ಎಂದು ತಮ್ಮನಿಗೆ ಹೇಳಬೇಕು. ಇಲ್ಲಿ ಹೊಳೆಯುವ ಗ್ರಾನೈಟು. ನೀರು ಇಂಗಲಿಲ್ಲ, ಹರಿದೂ ಹೋಗಲಿಲ್ಲ. ಬಾಗಿಲ ಬೆಳಕನ್ನು ಹಿಡಿದುಕೊಂಡು ಒಂದೇ ಕಡೆ ನಿಂತಿತ್ತು. ಊಟ ಮುಗಿಸಿದವರು ಒಬ್ಬೊಬ್ಬರಾಗಿ ಎದ್ದು ಹೊರಟರು. ಯಾರೂ ಹೇಳದಿದ್ದರೂ, ಆ ನೀರನ್ನು ತುಳಿಯದೆ ದಾಟಿದರು.